ಉಂಡಿ ಪಾಕದ ಟೆರಿಯಾಕಿ

ಖಾರವೇ ಇಲ್ಲದ ಊಟವನ್ನು ಜನ ದುಡ್ಡು ಕೊಟ್ಟು, ಬಾಗಿಲಲ್ಲಿ ಕಾದು ನಿಂತು ತಿನ್ನುತ್ತಾರೆ ಎಂಬುದು ನನಗೆ ಗೊತ್ತಾದದ್ದು ಬೆಂಗಳೂರಿನ ಜೆ.ಪಿ. ನಗರದಲ್ಲಿ. ವಿಜಯಪುರದಲ್ಲಿ ಅಕ್ಕನೂ ನಾನೂ ಹನ್ನೆರಡು ವರ್ಷ ಖಾನಾವಳಿ ನಡೆಸಿದವರು. ಅಲ್ಲಿ ಉಣ್ಣುವವರ ಕಣ್ಣಲ್ಲಿ ನೀರು ಬರದಿದ್ದರೆ "ಇವತ್ತ ಅಡಗಿ ಸಪ್ಪಗಾಗೇತಿ" ಎಂದು ಬೈಸಿಕೊಳ್ಳುತ್ತಿದ್ದೆವು. ರಸ್ತೆ ಅಗಲವಾಯಿತು, ಖಾನಾವಳಿ ಹೋಯಿತು. ಅಕ್ಕ ಮನೆಯಲ್ಲೇ ರೊಟ್ಟಿ ಬಡಿದು ಮಾರಲು ಕೂತಳು. ನನಗೆ ಕೂರಲಾಗಲಿಲ್ಲ. ಕಾಲಿಗೆ ಚಕ್ರ ಕಟ್ಟಿಕೊಂಡವಳು, ಬಸ್ಸು ಹತ್ತಿದೆ.

ಕೆಲಸ ಸಿಕ್ಕಿದ್ದು ಒಂದು ಪುಟ್ಟ ಹೋಟೆಲಿನಲ್ಲಿ. ಅದನ್ನು ನಡೆಸುವ ಸುಷ್ಮಾ ನನಗಿಂತ ಹದಿನೈದು ವರ್ಷ ಚಿಕ್ಕವಳು. ಮೊದಲ ದಿನವೇ ಕಪ್ಪು ಸಾಸಿನ ಬಾಟಲಿ ತೋರಿಸಿ, "ಅಕ್ಕಾ, ಇದು ಟೆರಿಯಾಕಿ. ಇನ್ಮೇಲೆ ಅಂಗಡೀದು ಬೇಡ, ನೀವೇ ಮಾಡ್ಬೇಕು. ಹದಿನೈದು ದಿನ ಟ್ರೈ ಮಾಡಿ. ಸೆಟ್ ಆದ್ರೆ ಕೆಲ್ಸ ಪರ್ಮನೆಂಟ್," ಎಂದಳು. ಟೆರಿಯಾಕಿ ಎಂದರೆ ಜಪಾನಿನವರು ಹೊಳಪು ಬರುವಂತೆ ಸವರಿ ಸುಡುವ ಬಗೆ; ಇಲ್ಲಿ ಸಾಸಿಗೂ ಅದೇ ಹೆಸರು. ಸೋಯಾ ಸಾಸು, ಬೆಲ್ಲ, ಶುಂಠಿ, ಬೆಳ್ಳುಳ್ಳಿ, ಒಂದಿಷ್ಟು ವಿನೆಗರ್. ಇಷ್ಟೇನಾ ಎಂದುಕೊಂಡೆ.

ಮೊದಲ ಸಲ ಕುದಿ ಬರುತ್ತಲೇ ಕೈ ತಾನಾಗಿ ಉಪ್ಪಿನ ಡಬ್ಬಿಗೆ ಹೋಯಿತು. ಸೋಯಾ ಸಾಸೇ ಉಪ್ಪು ಎಂಬುದು ನಾಲಗೆಗೆ ಇಟ್ಟ ಮೇಲೆ ತಿಳಿಯಿತು. ಸುಷ್ಮಾ ಎರಡು ಲೋಟ ನೀರು ಕುಡಿದು "ಪರ್ವಾಗಿಲ್ಲ ಬಿಡಿ ಅಕ್ಕಾ" ಎಂದಳು. ನಮ್ಮ ಕಡೆಯಾಗಿದ್ದರೆ ತಾಟು ತಳ್ಳಿ ಬೈದು, ಮರುದಿನ ಮತ್ತೆ ಊಟಕ್ಕೆ ಬರುತ್ತಿದ್ದರು. ಇಲ್ಲಿನ 'ಪರವಾಗಿಲ್ಲ' ನಿಜವಾಗಿ ಪರವಾಗಿಲ್ಲವೋ, ಇನ್ನು ಹೊರಡು ಎಂದೋ ತಿಳಿಯದೆ ಇಡೀ ವಾರ ಒದ್ದಾಡಿದೆ. ಹೊಸಕೆರೆಹಳ್ಳಿಯ ಬಾಡಿಗೆ ಕೋಣೆಯಲ್ಲಿ ಸೀರೆಗಳು ಇನ್ನೂ ಚೀಲದಲ್ಲೇ ಇದ್ದವು.

ರಜೆಯ ದಿನ ಆ ಕೋಣೆಯಲ್ಲೇ ಮತ್ತೆ ಕಾಯಿಸಿದೆ. ನಿಲ್ಲಲಾರೆ, ಕೂರಲಾರೆ. ಹದ ಬಂತೋ ಎಂದು ನೀರಿನ ಬಟ್ಟಲಿಗೆ ಹನಿ ಬಿಟ್ಟೆ. ಗಟ್ಟಿಯಾಗಿ ಕೈಗೆ ಸಿಕ್ಕಿತು. ಖುಷಿಯಿಂದ ಬಾಟಲಿಗೆ ತುಂಬಿದೆ. ಸಂಜೆ ಬಾಟಲಿಯನ್ನು ಬೋರಲಾಗಿ ಹಿಡಿದರೂ ಒಂದು ತೊಟ್ಟು ಇಳಿಯಲಿಲ್ಲ. ನಾಗರ ಪಂಚಮಿಯ ಉಂಡಿಗೆ ಬೆಲ್ಲ ಕಾಯಿಸಿ ಪಳಗಿದ ಕೈ, ಸಾಸಿಗೂ ಉಂಡಿಯ ಪಾಕವನ್ನೇ ತಂದಿತ್ತು.

ಮನೆಯ ಓನರ್ ಗೌರಮ್ಮ ಬಾಗಿಲಲ್ಲಿ ನಿಂತು ನಕ್ಕರು. ಈ ಮೂರಂತಸ್ತಿನ ಕಟ್ಟಡದ ಜಾಗದಲ್ಲಿ ಒಂದು ಕಾಲಕ್ಕೆ ರಾಗಿ ಬೆಳೆದವರು ಅವರು.

"ಏನಮ್ಮಾ ಇದು, ರೋಡಿಗೆ ಹಾಕೋ ಟಾರಾ?"

"ಸಾಸ್ ರೀ, ಜಪಾನಿಂದು. ಇದು ಕೆಟ್ರ ನನ್ನ ಕೆಲ್ಸಾನೂ ಕೆಟ್ಟಂಗ."

ಅವರು ಚಮಚ ನೆಕ್ಕಿದರು. "ರುಚಿ ಸಖತ್ತಾಗೈತೆ ಕಣಮ್ಮ. ಇನ್ನೂ ತೆಳ್ಳಗಿರುವಾಗ್ಲೇ ಇಳಿಸ್ಬಿಡು, ಆರಿದ್ಮೇಲೆ ತಾನೇ ಮಂದ ಆಗುತ್ತೆ. ನಿಂಗೆ ಎಲ್ಲಾದಕ್ಕೂ ಅವಸರ."

ಹದಿನಾಲ್ಕನೆಯ ದಿನ ಹೋಟೆಲಿನಲ್ಲಿ, ಸಾಸು ತೆಳ್ಳಗಿರುವಾಗಲೇ ಒಲೆ ಆರಿಸಿದೆ. ಕೈಕಟ್ಟಿ ಕಾಯುವುದೇ ಕಷ್ಟವಾಗಿತ್ತು. ಆರಿದ ಸಾಸು ಪನೀರಿನ ಮೇಲೆ ಮಿರಮಿರ ಹೊಳೆಯಿತು. ಸುಷ್ಮಾ ತಿಂದು, ತಟ್ಟೆಯನ್ನು ಬೆರಳಲ್ಲಿ ಬಳಿದಳು. "ಸೂಪರ್ ಅಕ್ಕಾ! ನಾಳೆಯಿಂದಾನೇ ಪರ್ಮನೆಂಟ್."

ಆಗ ನನಗಾದದ್ದನ್ನು ಮುಚ್ಚಿಡುವುದಿಲ್ಲ. ಖುಷಿಯಾಯಿತು, ಅದರ ಹಿಂದೆಯೇ ಬೇಸರವೂ ಆಯಿತು. ಸಾಸು ಕೆಟ್ಟಿದ್ದರೆ, ಬೆಂಗಳೂರು ನನಗೆ ಒಗ್ಗಲಿಲ್ಲ ಎಂದು ಹೇಳಿ ತಲೆ ತಗ್ಗಿಸದೆ ಊರಿಗೆ ಹೋಗಬಹುದಿತ್ತು. ಆ ನೆಪವನ್ನು ಕೈಯಾರೆ ಕಳೆದುಕೊಂಡಿದ್ದೆ.

ಅಕ್ಕನಿಗೆ ಫೋನು ಮಾಡಿ ಹೇಳಿದೆ.

"ಛಲೋ ಆತ ಬಿಡು," ಎಂದಳು. ರೊಟ್ಟಿ ಬಡಿಯುತ್ತಲೇ ಮಾತು ಮುಂದುವರಿಸಿದಳು. "ನಾ ಇಲ್ಲೊಂದು ಜಾಗ ನೋಡಿದ್ದೆ. ಇಬ್ರೂ ಕೂಡಿ ಮತ್ತ ಖಾನಾವಳಿ ಸುರು ಮಾಡೂಣಂತ. ಇರ್ಲಿ, ಬ್ಯಾರೆ ಯಾರಿಗರ ಆ ಜಾಗ ತಗೋರಿ ಅಂತ ಹೇಳ್ತೀನಿ."

"ಹೇಳಬ್ಯಾಡ, ತಡಿ," ಎಂದುಬಿಟ್ಟೆ.

"ಎಲ್ಲೀತನಕ?"

ನಾನು ಈಗಲೂ ಜೆ.ಪಿ. ನಗರದಲ್ಲೇ ಸಾಸು ಕಾಯಿಸುತ್ತಿದ್ದೇನೆ; ಸೀರೆಗಳನ್ನು ಮಾತ್ರ ಚೀಲದಿಂದ ತೆಗೆದಿಲ್ಲ. ಅಕ್ಕ ಆ ಜಾಗದ ವಿಷಯ ಇನ್ನೂ ಯಾರಿಗೂ ಹೇಳಿಲ್ಲ.