ಖಳನ ಚಾಟಿ

ಕಮತಗಿಯ ಶಾಲೆಯಲ್ಲಿ ನನ್ನ ಜೊತೆ ಕಲಿಸುತ್ತಿದ್ದ ಡ್ರಾಯಿಂಗ್ ಮಾಸ್ತರರು ಮಕ್ಕಳಿಗೆಂದು ವಾರಕ್ಕೊಂದು ಹಾಳೆ ಚಿತ್ರಕಥೆ ಬರೆಯುತ್ತಿದ್ದರು. ಅದರ ನಾಯಕ ಆಕಾಶದಲ್ಲಿ ಹಾರುವವನು, ಖಳ ಚಾಟಿ ಬೀಸುವವನು. ಖಳನ ಮುಖ ಬೆತ್ತ ಬಿಡದ ನಮ್ಮ ಹೆಡ್‌ಮಾಸ್ತರರದೆಂದು ಎಲ್ಲರಿಗೂ ಗೊತ್ತಿತ್ತು. “ಅನ್ಯಾಯ ನನಗ ಆಗಿ ಬರಂಗಿಲ್ರಿ,” ಎಂದು ಮಾಸ್ತರರು ಕನ್ನಡಕ ಏರಿಸುತ್ತ ದಿನಕ್ಕೆ ಹತ್ತು ಸಲ ಹೇಳುತ್ತಿದ್ದರು. ಹೆಡ್‌ಮಾಸ್ತರರ ಎದುರು ಮಾತ್ರ ಒಮ್ಮೆಯೂ ಹೇಳಲಿಲ್ಲ.

ಹೆಡ್‌ಮಾಸ್ತರರಿಗೆ ವರ್ಗವಾಗಿ, ಅವರ ಕುರ್ಚಿ ಡ್ರಾಯಿಂಗ್ ಮಾಸ್ತರರಿಗೇ ಬಂತು. ಆ ವಾರದ ಹಾಳೆಯಲ್ಲಿ ನಾಯಕ ಖಳನನ್ನು ಸೋಲಿಸಿ, ಅವನ ಚಾಟಿ ಕಿತ್ತುಕೊಂಡು, ಊರವರನ್ನೆಲ್ಲ ಸಾಲಾಗಿ ನಿಲ್ಲಿಸಿದ್ದ.

ಏಳನೆಯ ತರಗತಿಯ ಹುಡುಗಿಯೊಬ್ಬಳು ಎದ್ದು, ಹಾಳೆಯ ನಾಯಕನನ್ನು ತೋರಿಸಿ ಕೇಳಿದಳು: “ಸರ, ಈಗ ಇವನ್ನ ಯಾರು ಸೋಲಸ್ತಾರ್ರಿ?”

ಮಾಸ್ತರರು ಆಫೀಸಿಗೆ ಹೋಗಿ ಹಳೆಯ ಬೆತ್ತ ತಂದರು. ನಾನು ತರಗತಿಯ ಬಾಗಿಲಲ್ಲೇ ಅಡ್ಡ ನಿಂತೆ.

“ಶಿಸ್ತು ಬೇಕಲ್ರಿ ಅಕ್ಕೋರ, ಇದು ಬ್ಯಾರೆ.”

“ಏನ್ ಬ್ಯಾರೆ ಐತ್ರಿ? ಬೆತ್ತ ಅದ ಐತಿ, ಕೈ ಅಷ್ಟ ಬ್ಯಾರೆ.”

ನನ್ನನ್ನು ಸರಿಸಿ ಒಳಗೆ ಹೋಗಿ ಅವಳ ಅಂಗೈಗೆ ಎರಡು ಏಟು ಕೊಟ್ಟರು. ಅವಳು ಅಳಲಿಲ್ಲ.

ಮುಂದಿನ ವಾರ ಅವರು ಹೊಸ ಹಾಳೆ ಹಿಡಿದು ಬಂದಾಗ ಇಡೀ ತರಗತಿ ತಲೆ ಬಗ್ಗಿಸಿ ಗಣಿತ ಬಿಡಿಸುತ್ತಿತ್ತು. ಒಬ್ಬರೂ ಕತ್ತೆತ್ತಲಿಲ್ಲ.