ಹತ್ತರ ನಾಣ್ಯ ಹಿಡಿದು ನಿಂತ ಲಕ್ಷ್ಮಿದೇವಿ ಮೇಡಂ

ಗುಂಡ್ಲುಪೇಟೆ ತಾಲ್ಲೂಕಿನ ಸರ್ಕಾರಿ ಪ್ರೌಢಶಾಲೆಗಳಲ್ಲಿ ಮೂರು ದಶಕ ಗಣಿತ ಬೋಧಿಸಿ, ಲೆಕ್ಕವೆಂದರೆ ಬೆವರುತ್ತಿದ್ದ ಮಕ್ಕಳಿಗೆ ಧೈರ್ಯ ತುಂಬಿದ ಶ್ರೀಮತಿ ಲಕ್ಷ್ಮಿದೇವಿಯವರು ಈ ಮೇ ತಿಂಗಳಲ್ಲಿ ನಿವೃತ್ತರಾಗಿದ್ದಾರೆ. ಸೇವೆಯ ಮೊದಲ ವರ್ಷಗಳಲ್ಲಿ ಭೀಮನಬೀಡಿನ ಮಕ್ಕಳಿಗೆ ತಮ್ಮ ಸಂಬಳದಿಂದಲೇ ಜಾಮಿಟ್ರಿ ಬಾಕ್ಸ್ ಕೊಡಿಸುತ್ತಿದ್ದವರು ಅವರು. ಅವರ ಸೌಮ್ಯ ಸ್ವಭಾವವನ್ನು ಈ ಅಭಿನಂದನಾ ಸಂಪುಟದಲ್ಲಿ ಅನೇಕರು ಕೊಂಡಾಡಿರಬಹುದು. ಆದರೆ ಮೇಡಂ ಸಿಟ್ಟಾದದ್ದನ್ನು ನೋಡದವರು ಅವರನ್ನು ಅರ್ಧ ಮಾತ್ರ ನೋಡಿದ್ದಾರೆ.

ಒಂಬತ್ತು ವರ್ಷದ ಹಿಂದೆ ಚಾಮರಾಜನಗರದ ಉಚಿತ ಗಣಿತ ಶಿಬಿರವೊಂದಕ್ಕೆ ಆಯ್ಕೆ ಪರೀಕ್ಷೆ ನಡೆಯಿತು. ಅದರಲ್ಲೊಂದು ಪ್ರಶ್ನೆ: ಒಂದು, ಎರಡು, ಐದು, ಹತ್ತು ರೂಪಾಯಿಯ ಒಂದೊಂದು ನಾಣ್ಯವಿದ್ದರೆ ಎಷ್ಟು ಬೇರೆ ಬೇರೆ ಮೊತ್ತ ಮಾಡಬಹುದು? ಉತ್ತರ ಹದಿನೈದು. ಮೇಡಂ ಶಿಷ್ಯೆ ಕುಮಾರಿ ಏಳು ಮೊತ್ತ ಬರೆದು, ಕೆಳಗೆ ‘ಹತ್ತರ ನಾಣ್ಯ ನಡೆಯುವುದಿಲ್ಲ’ ಎಂದು ಸೇರಿಸಿದ್ದಳು. ಸೊನ್ನೆ ಬಂತು, ಸೀಟು ತಪ್ಪಿತು.

“ಲೆಕ್ಕ ಬರಲ್ಲ ಅಂದ್ಮೇಲೆ ಬುಡಿ ಮೇಡಂ, ಸ್ಕೂಲ್ ಬುಡ್ಸಿ ಕೂಲಿಗೆ ಕರ್ಕೊಂಡೋಯ್ತೀನಿ,” ಎಂದರು ಕುಮಾರಿಯ ತಾಯಿ ರಾಚಮ್ಮ.

ಮೇಡಂ ಉರಿದುಹೋದರು. ಮರುದಿನವೇ ಚಾಮರಾಜನಗರಕ್ಕೆ ಹೋಗಿ ಪರೀಕ್ಷಕ ಚಂದ್ರಕುಮಾರ್ ಅವರ ಮುಂದೆ ನಿಂತರು.

“ಸರ್ಕಾರದ ನಾಣ್ಯ ನಡೆಯುತ್ತದೆಂದು ಮಗುವಿಗೆ ಗೊತ್ತಿರಬೇಡವೇ?” ಎಂದು ಚಂದ್ರಕುಮಾರ್ ನಕ್ಕರು.

ಮೇಡಂ ಆ ಪರೀಕ್ಷಕರನ್ನು ಎದುರಿನ ಟೀ ಅಂಗಡಿಗೆ ಕರೆದೊಯ್ದು, ಹತ್ತರ ನಾಣ್ಯವೊಂದನ್ನು ಮುಂದಿಟ್ಟರು.

“ಇದು ನಡ್ಯಾಕಿಲ್ಲ ಕಣಮ್ಮ, ನೋಟಿದ್ರೆ ಕೊಡಿ,” ಎಂದ ಅಂಗಡಿಯವನು.

“ಕೇಳಿಸಿತೇ ಸರ್? ನಡೆಯುವ ಮೂರು ನಾಣ್ಯಗಳಲ್ಲಿ ಅವಳು ಒಂದು ಮೊತ್ತವನ್ನೂ ಬಿಟ್ಟಿಲ್ಲ.”

ಚಂದ್ರಕುಮಾರ್ ಮೊಬೈಲ್ ತೆಗೆದು ಟೀ ದುಡ್ಡು ಕಟ್ಟಿ ಹೊರಟೇಹೋದರು. ಎಂಥ ಅನ್ಯಾಯ! ನಾಣ್ಯ ಬೇಡವೆಂದವರಿಗೆ ಏನೂ ಆಗಲಿಲ್ಲ, ಕಂಡದ್ದನ್ನು ಬರೆದ ಹುಡುಗಿಯ ಸೊನ್ನೆ ಹಾಗೆಯೇ ಉಳಿಯಿತು.

ಮೇಡಂ ರಾಚಮ್ಮನವರ ಮನೆ ಬಾಗಿಲಲ್ಲಿ ಹೋಗಿ ಕೂತು, ಮಗಳನ್ನು ಶಾಲೆ ಬಿಡಿಸದಂತೆ ಒಪ್ಪಿಸಿಯೇ ಎದ್ದರು. ಮುಂದಿನ ಭಾನುವಾರದಿಂದ ಶಾಲೆಯಲ್ಲೇ ಅವರದೇ ಶಿಬಿರ. ಮೊದಲ ದಿನ ಕುಮಾರಿಯ ಅಂಗೈಗೆ ಅದೇ ನಾಣ್ಯವಿಟ್ಟರು: “ಇದು ನಡೆಯುತ್ತೆ ಕಣಮ್ಮಿ. ನಡೆಯಲ್ಲ ಅನ್ನೋರದು ತಪ್ಪು, ನಿಂದಲ್ಲ. ಈಗ ಉಳಿದ ಎಂಟು ಬರಿ.”

ಆ ಕುಮಾರಿ ಈಗ ಬಿ.ಎಡ್. ಓದುತ್ತಿದ್ದಾಳೆ. ಅಭ್ಯಾಸ ಪಾಠಕ್ಕೆಂದು ಉಡಿಗಾಲದ ಶಾಲೆಗೆ ಹೋಗಿ ಅದೇ ಪ್ರಶ್ನೆ ಕೇಳಿದಾಗ ಮಕ್ಕಳೆಲ್ಲ, “ಮಿಸ್, ಹತ್ತರ ಕಾಯಿನ್ ನಡೀತದಾ?” ಎಂದರಂತೆ. ಬೀಳ್ಕೊಡುಗೆಯ ದಿನ ಅವಳು ಇದನ್ನು ಹೇಳುತ್ತಿದ್ದಂತೆ ಮೇಡಂ ಮುಖ ಕೆಂಪಾಯಿತು. ಕೊರಳಿನ ಹಾರ ತೆಗೆದು ಕುರ್ಚಿಯ ಮೇಲಿಟ್ಟು, “ಉಡಿಗಾಲಕ್ಕೆ ಬಸ್ ಎಷ್ಟೊತ್ತಿಗೆ?” ಎಂದರು.

ಅವರಿಗೆ ದೀರ್ಘಾಯುಸ್ಸೂ ಆರೋಗ್ಯವೂ ಇರಲಿ. ಆ ಸಿಟ್ಟು ಮಾತ್ರ ಆರದಿರಲಿ. ಉಡಿಗಾಲದ ಮಕ್ಕಳು ಇನ್ನೂ ಏಳು ಮೊತ್ತಕ್ಕೇ ನಿಂತಿದ್ದಾರೆ.