‘ಬರೂದಿಲ್ಲ’ ಎಂದ ಗುಮಾಸ್ತನಿಗೆ ಗದ್ದೆಮ್ಮನ ಹಾರೈಕೆ

ಬೆಳಿಗ್ಗೆ ಸಿಂಧನೂರಿನ ಬಸ್ಸು ತುರ್ವಿಹಾಳಕ್ಕೆ ಬಂದು ನಿಲ್ಲುವಷ್ಟರಲ್ಲಿ ಗದ್ದೆಮ್ಮನವರ ಬಾಣಲೆಯಲ್ಲಿ ಎರಡನೇ ಸುತ್ತಿನ ಮಿರ್ಚಿ ಬೇಯುತ್ತಿರುತ್ತದೆ. ನಾಟಿಗೆ ಹೊರಟ ಹೆಂಗಸರು ಮಂಡಾಳು ಒಗ್ಗರಣೆ, ಅಂದರೆ ಒಗ್ಗರಣೆ ಹಾಕಿದ ಮಂಡಕ್ಕಿ, ಕಟ್ಟಿಸಿಕೊಂಡು ಟಂಟಂ ಆಟೋ ಹತ್ತುತ್ತಾರೆ. ಕೈಮೇಲೆ ಕಾಸು ಕೊಡುವವರು ಕಡಿಮೆ.

“ಲೆಕ್ಕ ಇಟ್ಕೋ ಯಕ್ಕಾ, ಸುಗ್ಗಿಗೆ ನೋಡೂನು” ಎನ್ನುತ್ತಾಳೆ ಒಬ್ಬಳು.

“ಹ್ವಾದ ಸುಗ್ಗೀದ ಬಾಕಿ ಇನ್ನಾ ಐತಿ, ಗಾಡಿ ಹತ್ತು” ಎನ್ನುತ್ತ ಗದ್ದೆಮ್ಮ ಅವಳ ಪೊಟ್ಟಣಕ್ಕೆ ಇನ್ನೊಂದು ಮಿರ್ಚಿ ಸೇರಿಸುತ್ತಾರೆ.

ಕಾಲುವೆ ನೀರಿನ ಈ ಸೀಮೆಯಲ್ಲಿ ವ್ಯವಹಾರ ನಡೆಯುವುದೇ ಹೀಗೆ. ಕಿರಾಣಿ, ಗೊಬ್ಬರ, ಮಗಳ ಸೀರೆ, ಎಲ್ಲದರ ಬಾಕಿಯೂ ಭತ್ತದ ಕೊಯ್ಲಿಗೆ ತೀರುತ್ತದೆ. ಗದ್ದೆಮ್ಮ ಮತ್ತು ಅಕ್ಕಿ ಮಿಲ್ಲಿನಲ್ಲಿ ಹಮಾಲಿ ಮಾಡುವ ಅವರ ಗಂಡ ಅಂಬಪ್ಪ ಮನೆ ಸಾಲವನ್ನೂ ಹಾಗೆಯೇ ಕಟ್ಟುತ್ತ ಬಂದರು. ಮುಂದೆ ಹೋಟೆಲಿಗೊಂದು ಕೋಣೆ, ಹಿಂದೆ ಎರಡು ಖೋಲಿ. ಈ ಮನೆ ಕಟ್ಟಿಸಲು ಖಾಸಗಿ ಹಣಕಾಸು ಕಂಪನಿಯೊಂದರಿಂದ ಸಾಲ ಪಡೆದಿದ್ದರು. ತಿಂಗಳ ಕಂತುಗಳನ್ನು ಬಿಟ್ಟು, ಸುಗ್ಗಿ ಮುಗಿದ ಮೇಲೆ ಎಲ್ಲವನ್ನೂ ಒಟ್ಟಿಗೆ ಒಯ್ದು ಕೊಡುತ್ತಿದ್ದರು. ಊರಿನ ಸಾಹುಕಾರನಾಗಿದ್ದರೆ ಭೇಷ್ ಎನ್ನುತ್ತಿದ್ದ. ಕಂಪನಿಯಲ್ಲಿ ದಂಡ ಬೆಳೆಯಿತು. ಒಂದು ವರ್ಷ ಎರಡನೇ ಬೆಳೆಗೆ ಕಾಲುವೆಯಲ್ಲಿ ನೀರು ಬಿಡಲಿಲ್ಲ. ಗಿರಾಕಿಗಳು ಕೊಡಲಿಲ್ಲ, ಇವರು ಕಟ್ಟಲಿಲ್ಲ. ಬಾಗಿಲಿಗೆ ಹರಾಜಿನ ನೋಟಿಸು ಅಂಟಿತು. ಮನೆ ಹೋದರೆ ಹೋಟೆಲೂ ಹೋಗುತ್ತಿತ್ತು.

ಊರಿನಲ್ಲಿ ಸಲಹೆಗಳಿಗೆ ಬರವಿರಲಿಲ್ಲ. ಬಡವರ ಸಾಲವನ್ನು ಸರ್ಕಾರವೇ ಮನ್ನಾ ಮಾಡುತ್ತದೆ, ಅರ್ಜಿ ಕೊಟ್ಟು ಸುಮ್ಮನೆ ಕೂತರಾಯಿತು ಎಂದವರೇ ಹೆಚ್ಚು. ಅರ್ಜಿ ಕೊಡಲೆಂದು ಗದ್ದೆಮ್ಮ ಮಸ್ಕಿ ಮೇಲೆ ಹೋಗುವ ಬಸ್ಸು ಹಿಡಿದು ಲಿಂಗಸುಗೂರಿನ ಉಪವಿಭಾಗಾಧಿಕಾರಿ ಕಚೇರಿ ಮುಟ್ಟಿದರು. ಅಲ್ಲಿನ ಗುಮಾಸ್ತ ಪಂಪಾಪತಿ ಕಾಗದಗಳನ್ನೆಲ್ಲ ಓದಿ, ಮೊದಲು ಕುರ್ಚಿ ತೋರಿಸಿದರು.

“ಅಮ್ಮಾ, ಸಾಲ ಮನ್ನಾ ಕಾಯ್ದೆ ಇರೋದು ಬಡ್ಡಿ ಸಾಹುಕಾರ್ರ ಕೈಸಾಲಕ್ಕ. ನಿಮ್ದು ಮನಿ ಒತ್ತಿ ಇಟ್ಟ ಕಂಪನಿ ಸಾಲ. ಅದ್ರಾಗ ಬರೂದಿಲ್ರಿ.”

“ನಾ ಬಡಾಕಿ ಅದೀನ್ರೀ ಸಾಹೇಬ್ರ.”

“ನೀವು ಬರ್ತೀರಿ, ನಿಮ್ಮ ಸಾಲ ಬರೂದಿಲ್ಲ. ಅರ್ಜಿ ಇಸ್ಕೊಂಡ್ರ ಸುಳ್ಳ ಆಸೆ ಹಚ್ಚಿದಂಗ ಆಗ್ತೈತಿ. ಅಷ್ಟರಾಗ ಹರಾಜು ಬಂದು ಮನಿ ಅಗ್ಗಕ್ಕ ಹೋಗಿರ್ತೈತಿ. ಕಂಪನಿಯವ್ರ ಒಪ್ಪಿಗಿ ತಗೊಂಡು ನೀವ ಮಾರ್ರಿ. ಉಳಿದದ್ದು ನಿಮ್ಮ ಉಡಿಗೆ ಬೀಳ್ತೈತಿ.”

ಆ ದಿನವನ್ನು ನೆನೆದು ಗದ್ದೆಮ್ಮ ಈಗ ನಗುತ್ತಾರೆ. “ಮಸ್ಕಿ ದಾಟೂತನಕ ಅಂವನ್ನ ಬೈದ್ನಿರಿ. ಸಿಂಧನೂರಾಗ ಇಳಿದು ಚಾ ಕುಡಿದ ಮ್ಯಾಲ ತಿಳೀತು, ಎಲ್ಲಾರೂ ಹೂಂ ಅಂದಾರ, ಖರೇ ಹೇಳಿದಾಂವ ಇಂವೊಬ್ಬನ ಅಂತ. ಅಂವನ ಹೊಟ್ಟಿ ತಣ್ಣಗಿರ್ಲಿ.”

ಕಂಪನಿಯ ಸಿಂಧನೂರು ಶಾಖೆಯ ಮ್ಯಾನೇಜರ್ ಮಾರಾಟಕ್ಕೆ ಒಪ್ಪಿ, ಹರಾಜನ್ನು ಮುಂದೂಡಿದರು. ಕೊಳ್ಳುವವರು ಎದುರಿಗೇ ಇದ್ದರು: ಬಾಡಿಗೆ ಮನೆಯಲ್ಲಿ ಬಳೆ ಅಂಗಡಿ ಇಟ್ಟುಕೊಂಡಿದ್ದ ಚಾಂದ್‌ಬೀ. ಹರಾಜಿಗೆ ಕಾದರೆ ಇನ್ನೂ ಕಡಿಮೆಗೆ ಸಿಗುತ್ತದೆಂದು ಅವರ ಕಿವಿಯಲ್ಲಿ ಊದಿದವರೂ ಇದ್ದರು.

“ಹರಾಜಿನಾಗ ತಗೊಂಡ ಮನ್ಯಾಗ ನಿದ್ದಿ ಹತ್ತತೈತೇನ್ ಬೇ?” ಎಂದರು ಚಾಂದ್‌ಬೀ. “ಊರಾಗಿನ ರೇಟು ಕೊಡ್ತೀನಿ. ಗ್ವಾಡಿಗೆ ಹತ್ತಿದ ಎಣ್ಣಿ ಜಿಡ್ಡು ಮಾತ್ರ ತಿಕ್ಕಿ ಕೊಡು.”

“ಜಿಡ್ಡಿಗೆ ಬ್ಯಾರೆ ರೊಕ್ಕ ಹಿಡೀತೀನಿ ನೋಡು” ಎಂದರು ಗದ್ದೆಮ್ಮ.

ಹೋಟೆಲಿರುವ ಮುಂದಿನ ಕೋಣೆಯನ್ನು ಬಾಡಿಗೆಗೆ ಗದ್ದೆಮ್ಮನವರಿಗೇ ಬಿಡುವುದೆಂದು ಮಾತಾಗಿದೆ. ಅದರಲ್ಲಿ ಚಾಂದ್‌ಬೀಯವರ ಲೆಕ್ಕವೂ ಇದೆ: ಮಿರ್ಚಿಗೆ ಬಂದ ಹೆಂಗಸರು ಪಕ್ಕದಲ್ಲೇ ಬರುವ ಅವರ ಅಂಗಡಿಯಲ್ಲಿ ಬಳೆ ಇಡಿಸಿಕೊಳ್ಳುತ್ತಾರೆ. “ಆಕಿ ಲೆಕ್ಕದಾಗ ನಾ ಬದುಕಿದ್ನೆಲ್ರಿ, ಅಷ್ಟ ಸಾಕು” ಎನ್ನುವಾಗ ಗದ್ದೆಮ್ಮನವರ ಕಣ್ಣು ಒದ್ದೆಯಾಗುತ್ತದೆ. ಅಂಬಪ್ಪ ಮಾತ್ರ ಈ ವಿಷಯ ಬಂದರೆ ಎದ್ದು ಹೊರಗೆ ಹೋಗುತ್ತಾರೆ. ಆ ಗೋಡೆಗಳಿಗೆ ಇಟ್ಟಿಗೆ ಹೊತ್ತವರು ಅವರು.

ಬರುವ ಸೋಮವಾರ ಸಿಂಧನೂರಿನಲ್ಲಿ ನೋಂದಣಿ. ಸಾಲದ ಬಾಕಿಯನ್ನು ಚಾಂದ್‌ಬೀ ನೇರವಾಗಿ ಕಂಪನಿಗೆ ಕಟ್ಟಿ, ಉಳಿದದ್ದನ್ನು ಗದ್ದೆಮ್ಮನವರಿಗೆ ಕೊಡುತ್ತಾರೆ. ಅಂದು ಸಂಜೆ ಗದ್ದೆಮ್ಮ ಮತ್ತು ಅಂಬಪ್ಪ ಬಸ್ ನಿಲ್ದಾಣದ ಹಿಂದಿನ ಬಾಡಿಗೆ ಖೋಲಿಗೆ ಸಾಮಾನು ಸಾಗಿಸುತ್ತಾರೆ.